ವಿಡಿಯೊ ಕಾಲ್‌ನಲ್ಲಿ ಬಾರದ ಅಳು ಹಾಡು ಕೇಳಿದಾಗ ಯಾಕೆ ಬರುತ್ತದೆ?

ಪ್ರಶ್ನೆ: ಮದುವೆಯಾಗಿ ಒಂದೂವರೆ ವರ್ಷ. ನನ್ನವರು ಕಂಪನಿ ಕೆಲಸದ ಮೇಲೆ ಒಂದು ವರ್ಷಕ್ಕೆಂದು ಜರ್ಮನಿಗೆ ಹೋಗಿ ಎಂಟು ತಿಂಗಳಾಯಿತು. ನಾನು ಜಯನಗರದಲ್ಲಿ ಅತ್ತೆಯ ಜೊತೆ ಇದ್ದೇನೆ. ದಿನಾ ರಾತ್ರಿ ವಿಡಿಯೊ ಕಾಲ್ ಮಾಡುತ್ತೇವೆ. ನಗುತ್ತೇವೆ, ಊಟದ ವಿಷಯ ಮಾತಾಡುತ್ತೇವೆ. ಆಗ ಅಳು ಬರುವುದಿಲ್ಲ. ಆದರೆ ಸಂಜೆ ಸಿಲ್ಕ್ ಬೋರ್ಡ್ ಸಿಗ್ನಲ್‌ನಲ್ಲಿ ಕಾರು ನಿಂತಾಗ ‘ಮತ್ತದೇ ಬೇಸರ’ ಬಂದರೆ ಸಾಕು, ಕಣ್ಣು ತುಂಬಿಬಿಡುತ್ತದೆ. ಮನೆಯಲ್ಲಿ ಅತ್ತೆಯ ಮುಂದೆ ಅಳಲು ನಾಚಿಕೆ. ಮಾತಾಡುವಾಗ ಬಾರದ ಅಳು ಹಾಡು ಕೇಳಿದಾಗ ಯಾಕೆ ಬರುತ್ತದೆ? ನಮ್ಮ ಕವಿತೆಗಳಲ್ಲಿ, ಹಾಡುಗಳಲ್ಲಿ ಇಷ್ಟೊಂದು ವಿರಹ ಯಾಕೆ? ಯಾವಾಗಲೂ ಹೆಣ್ಣೇ ಯಾಕೆ ಕಾಯಬೇಕು? ಓದಲು ಒಂದು ಪುಸ್ತಕವನ್ನೂ ಹೇಳಿ.

ಉತ್ತರ: ನಿಮ್ಮ ಪತ್ರದ ಒಂದು ಲೆಕ್ಕ ನನ್ನನ್ನು ಹಿಡಿದು ನಿಲ್ಲಿಸಿತು. ಒಟ್ಟು ಒಂದು ವರ್ಷದ ಅಗಲಿಕೆ. ಎಂಟು ತಿಂಗಳು ಮುಗಿದಿದೆ, ನಾಲ್ಕು ಉಳಿದಿದೆ. ಕಾಳಿದಾಸನ ‘ಮೇಘದೂತ’ದ ಲೆಕ್ಕವೂ ಇದೇ. ಕುಬೇರನ ಶಾಪದಿಂದ ಯಕ್ಷನೊಬ್ಬ ಒಂದು ವರ್ಷ ಹೆಂಡತಿಯನ್ನು ಬಿಟ್ಟು ದೂರ ಇರಬೇಕಾಗುತ್ತದೆ. ಅವನು ರಾಮಗಿರಿಯಲ್ಲಿ, ಅವಳು ಹಿಮಾಲಯದ ಅಲಕಾಪುರಿಯಲ್ಲಿ. ಆ ರಾಮಗಿರಿ ನಾಗಪುರದ ಹತ್ತಿರದ ರಾಮ್‌ಟೆಕ್ ಎಂದು ಬಹಳ ಜನ ಗುರುತಿಸುತ್ತಾರೆ. ಆಷಾಢದ ಮೊದಲ ದಿನ ಬೆಟ್ಟದ ತುದಿಗೆ ಒಂದು ಮೋಡ ಬಂದು ತಾಗುತ್ತದೆ. ಇನ್ನು ನಾಲ್ಕು ತಿಂಗಳು ಕಣ್ಣುಮುಚ್ಚಿ ಕಳೆದುಬಿಡು ಎಂದು ಹೆಂಡತಿಗೆ ಹೇಳು ಅಂತ ಅವನು ಆ ಮೋಡವನ್ನು ಬೇಡುತ್ತಾನೆ.

ಅವನು ಹೇಳುವುದು ಯಾರಿಗೆ ಎಂದು ಸ್ವಲ್ಪ ಗಮನಿಸಿ. ಹೆಂಡತಿಗಲ್ಲ, ಮೋಡಕ್ಕೆ. ನಿಮ್ಮ ಮೊದಲ ಪ್ರಶ್ನೆಗೆ ಉತ್ತರ ಇಲ್ಲೇ ಇದೆ ಎಂದು ನನಗೆ ಅನಿಸುತ್ತದೆ.

ಮೂವತ್ತು ವರ್ಷ ಕಾಲೇಜಿನಲ್ಲಿ ಕನ್ನಡ ಪಾಠ ಮಾಡಿದ್ದೇನೆ. ವಿರಹದ ಪದ್ಯಗಳನ್ನು ಮತ್ತೆ ಮತ್ತೆ ಓದಿಸಿದ ಮೇಲೆ ನಿಧಾನವಾಗಿ ನನಗೊಂದು ಸಂಗತಿ ಕಂಡಿತು. ನಮ್ಮ ನಾಡಿನ ಹಳೆಯ ವಿರಹದ ಹಾಡುಗಳಲ್ಲಿ ಬಹುತೇಕ ಯಾವಾಗಲೂ ಮೂರು ಜನ ಇರುತ್ತಾರೆ. ಅಗಲಿ ಹೋದವರು ಒಬ್ಬರು, ಉಳಿದವರು ಒಬ್ಬರು, ಕೇಳಿಸಿಕೊಳ್ಳುವವರು ಇನ್ನೊಬ್ಬರು. ಆ ಮೂರನೆಯವರು ಗೆಳತಿ ಇರಬಹುದು, ಗಿಳಿ ಇರಬಹುದು, ದಾರಿಹೋಕ ಇರಬಹುದು. ಯಾರೂ ಸಿಗದಿದ್ದರೆ ಬೀಸುವ ಕಲ್ಲೂ ಆಗುತ್ತದೆ. ದುಃಖ ಹೊರಗೆ ಬರುವುದು ಆ ಮೂರನೆಯವರ ಎದುರಿಗೆ.

ನಿಮ್ಮ ವಿಡಿಯೊ ಕಾಲ್‌ನಲ್ಲಿ ಇರುವುದು ಇಬ್ಬರೇ. ಅವರು ಅಲ್ಲಿ ಒಬ್ಬರೇ ಇದ್ದಾರೆ, ನೊಂದುಕೊಳ್ಳಬಾರದು ಎಂದು ನೀವು ನಗುತ್ತೀರಿ. ನೀವು ನೊಂದುಕೊಳ್ಳಬಾರದು ಎಂದು ಅವರೂ ನಗುತ್ತಾರೆ. ಇಬ್ಬರೂ ಒಬ್ಬರನ್ನೊಬ್ಬರು ನೋವಿನಿಂದ ಕಾಪಾಡುತ್ತಿದ್ದೀರಿ. ಅದೂ ಪ್ರೀತಿಯೇ. ಆದರೆ ಅಲ್ಲಿ ಅಳಲು ಜಾಗ ಇಲ್ಲ. ಸಿಗ್ನಲ್‌ನಲ್ಲಿ ಹಾಡು ಬಂದಾಗ ನೀವು ಯಾರನ್ನೂ ಕಾಪಾಡಬೇಕಾಗಿಲ್ಲ, ಅಲ್ವಾ? ಅಲ್ಲಿ ಬೇರೆ ಯಾರೋ ಬೇಸರವನ್ನು ಹೇಳುತ್ತಿದ್ದಾರೆ, ನೀವು ಕೇಳಿಸಿಕೊಳ್ಳುತ್ತಿದ್ದೀರಿ. ಅಳು ಬರುವುದು ಸಹಜ. ಅದರಲ್ಲಿ ದುರ್ಬಲತೆ ಏನೂ ಇಲ್ಲ.

‘ಮೇಘದೂತ’ಕ್ಕೇ ಮತ್ತೆ ಬರುತ್ತೇನೆ, ಯಾಕೆಂದರೆ ಈ ಮಾತು ಕಾಳಿದಾಸನಿಗೆ ಚೆನ್ನಾಗಿ ಗೊತ್ತಿತ್ತು. ಮೋಡ ಎಂದರೆ ಏನು? ಹೊಗೆ, ಬೆಳಕು, ನೀರು, ಗಾಳಿ ಸೇರಿದ ಒಂದು ಮುದ್ದೆ. ಅದಕ್ಕೆ ಕಿವಿ ಇಲ್ಲ, ಬಾಯಿ ಇಲ್ಲ. ಅದು ಸುದ್ದಿ ಒಯ್ಯುತ್ತದೆಯೇ? ಈ ಪ್ರಶ್ನೆಯನ್ನು ಕವಿಯೇ ಶುರುವಿನಲ್ಲಿ ಕೇಳುತ್ತಾನೆ. ಆಸೆಯಿಂದ ಬೇಯುವವರಿಗೆ ಜೀವ ಇರುವುದು ಯಾವುದು, ಇಲ್ಲದ್ದು ಯಾವುದು ಎಂಬ ಭೇದ ಉಳಿಯುವುದಿಲ್ಲ ಎಂದು ಉತ್ತರವನ್ನೂ ಕೊಡುತ್ತಾನೆ. ಆಮೇಲೆ ಯಕ್ಷ ಏನು ಮಾಡುತ್ತಾನೆ ಗೊತ್ತೇ? ಕೂಡಲೇ ತನ್ನ ದುಃಖ ತೋಡಿಕೊಳ್ಳುವುದಿಲ್ಲ. ದಾರಿ ಹೇಳುತ್ತಾನೆ! ಕಾವ್ಯದ ಸುಮಾರು ಅರ್ಧ ಭಾಗ ಬರೀ ದಾರಿ. ನರ್ಮದೆ ಬರುತ್ತದೆ, ವಿದಿಶೆ ಬರುತ್ತದೆ. ಉಜ್ಜಯಿನಿ ಸ್ವಲ್ಪ ಸುತ್ತು, ಆದರೂ ನೋಡಿಕೊಂಡು ಹೋಗು ಎನ್ನುತ್ತಾನೆ. ಎಲ್ಲಿ ನೀರು ಕುಡಿಯಬೇಕು, ಯಾವ ಬೆಟ್ಟದ ಮೇಲೆ ದಣಿವಾರಿಸಿಕೊಳ್ಳಬೇಕು ಎಂದೂ ಹೇಳುತ್ತಾನೆ. ಓದುವಾಗ ಇವನು ಹೆಂಡತಿಯನ್ನೇ ಮರೆತನೇ ಅನಿಸುತ್ತದೆ. ಮರೆತಿಲ್ಲ. ಅವಳ ಮನೆಯವರೆಗಿನ ಪ್ರತಿ ಊರೂ ಅವನಿಗೆ ಮುಖ್ಯವಾಗಿದೆ, ಅಷ್ಟೆ.

ಇನ್ನು ಆ ಕಡೆ ಹೆಂಡತಿ. ಅವಳು ಏನು ಮಾಡುತ್ತಿರಬಹುದು ಎಂದು ಯಕ್ಷ ಊಹಿಸುತ್ತಾನೆ. ಉಳಿದ ದಿನಗಳನ್ನು ಹೊಸ್ತಿಲ ಮೇಲೆ ಇಟ್ಟ ಹೂಗಳಿಂದ ಎಣಿಸುತ್ತಿರಬಹುದು. ವೀಣೆ ತೊಡೆಯ ಮೇಲಿಟ್ಟು ಹಾಡಲು ಹೊರಟು, ತಾನೇ ಕಟ್ಟಿದ ಸ್ವರವನ್ನು ಮರೆಯುತ್ತಿರಬಹುದು. ಪಂಜರದ ಹಕ್ಕಿಯನ್ನು ‘ನಿನ್ನ ಯಜಮಾನ ನೆನಪಾಗುತ್ತಾನೇನೇ, ಅವನಿಗೆ ನೀನೆಂದರೆ ಇಷ್ಟ ಅಲ್ವಾ’ ಎಂದು ಕೇಳುತ್ತಿರಬಹುದು. ಅವನು ಮೋಡದ ಜೊತೆ ಮಾತಾಡುತ್ತಿದ್ದಾನೆ, ಅವಳು ಹಕ್ಕಿಯ ಜೊತೆ. ಇಡೀ ಕಾವ್ಯದಲ್ಲಿ ಇಬ್ಬರೂ ಒಬ್ಬರಿಗೊಬ್ಬರು ನೇರವಾಗಿ ಒಂದು ಮಾತೂ ಆಡುವುದಿಲ್ಲ. ಆದರೂ ಇವರಷ್ಟು ಹತ್ತಿರ ಇರುವ ಗಂಡ ಹೆಂಡತಿಯನ್ನು ನಾನು ಬೇರೆಲ್ಲೂ ಓದಿಲ್ಲ.

ಆಷಾಢ ಎಂದೆ. ನಮ್ಮ ಕಡೆ ಹೊಸದಾಗಿ ಮದುವೆಯಾದವಳನ್ನು ಆಷಾಢಕ್ಕೆ ತವರಿಗೆ ಕಳಿಸುವ ರೂಢಿ ಇದೆ. ಅತ್ತೆ ಸೊಸೆ ಒಂದೇ ಸೂರಿನಡಿ ಇರಬಾರದು ಎನ್ನುತ್ತಾರೆ. ಆಗ ಬಸಿರಾದರೆ ಕಡು ಬೇಸಿಗೆಯಲ್ಲಿ ಹೆರಿಗೆಯಾಗುತ್ತದೆ ಎಂದೂ ಹೇಳುತ್ತಾರೆ. ಕಾರಣ ಏನೇ ಇರಲಿ, ಮೇಲೆ ಮೋಡ ಕಟ್ಟಿದ ಹೊತ್ತಿಗೇ ಹೊಸ ಜೋಡಿ ಅಗಲುತ್ತದೆ. ಆಷಾಢ ಎಂದರೆ ಈಗ ಚಿಕ್ಕಪೇಟೆಯಲ್ಲಿ ಸೀರೆಯ ಡಿಸ್ಕೌಂಟ್ ಎಂದಷ್ಟೇ ನೆನಪಾಗುತ್ತದೆ. ಆದರೆ ಕನ್ನಡದ ಮನೆಗಳಲ್ಲಿ ಅದು ಬಹಳ ಕಾಲ ಪುಟ್ಟದೊಂದು ಮೇಘದೂತದ ತಿಂಗಳಾಗಿತ್ತು.

ಹಾಗಾಗಿ ಕನ್ನಡದ ವಿರಹಕ್ಕೆ ಅದರದೇ ಒಂದು ಜಾಗ ಇದೆ. ಅದು ತವರುಮನೆ. ಕೆ.ಎಸ್. ನರಸಿಂಹಸ್ವಾಮಿಯವರ ‘ಮೈಸೂರು ಮಲ್ಲಿಗೆ’ 1942ರಲ್ಲಿ ಬಂತು. ಅದರಲ್ಲಿ ಹೆಂಡತಿಯೊಬ್ಬಳು ಗಂಡನಿಗೆ ಬರೆಯುತ್ತಾಳೆ, ತವರಿನ ಸುಖದಲ್ಲಿ ನಿಮ್ಮನ್ನು ಮರೆತಿದ್ದೇನೆ ಅನ್ನಬೇಡಿ ಎಂದು. ಅದೇ ಪುಸ್ತಕದಲ್ಲಿ ರಾಯರು ಮಾವನ ಮನೆಗೆ ಬರುವ ಪದ್ಯ ನಿಮಗೆ ಖಂಡಿತ ಗೊತ್ತಿರುತ್ತದೆ. ರಾತ್ರಿಯಾಗಿದೆ. ಅಳಿಯನಿಗೆ ಉಪಚಾರವೋ ಉಪಚಾರ. ಆದರೆ ಪದುಮ ಮಾತ್ರ ಒಳಗಿಲ್ಲ. ಆ ಕಾಲದ ಮನೆಗಳಲ್ಲಿ ಮುಟ್ಟಿನ ಮೂರು ದಿನ ಹೆಣ್ಣು ಒಳಗೆ ಬರುವಂತಿರಲಿಲ್ಲ. ಕಾಳಿದಾಸನಲ್ಲಿ ಅರ್ಧ ಭಾರತದಷ್ಟು ದೂರ. ಇಲ್ಲಿ ಒಂದು ಗೋಡೆಯಷ್ಟು ದೂರ. ನನಗೆ ಕೇಳಿದರೆ ಎರಡರಲ್ಲೂ ನೋವಿನ ತೂಕ ಒಂದೇ. ಈ ಪದ್ಯವನ್ನು ತಮಾಷೆಯ ಹಾಡು ಎಂದು ಮಾತ್ರ ಹಾಡುವವರನ್ನು ಕಂಡರೆ ನನಗೆ ಸಂಕಟವಾಗುತ್ತದೆ.

ತಮಿಳಿನ ಸಂಗಂ ಕವಿಗಳು ಸುಮಾರು ಎರಡು ಸಾವಿರ ವರ್ಷಗಳ ಹಿಂದೆಯೇ ಅಗಲಿಕೆಗೆ ನೆಲದ ನಕ್ಷೆ ಬರೆದಿದ್ದರು. ಬೆಟ್ಟದ ನಾಡು ಕೂಡುವ ಜಾಗ. ಮಳೆ ಬಿದ್ದ ಕಾಡು, ನಂಬಿಕೆಯಿಂದ ಕಾಯುವ ಜಾಗ. ಗದ್ದೆಯ ಬಯಲು ಮುನಿಸಿನದು. ಕಡಲ ತೀರ ಹಲುಬುವುದಕ್ಕೆ. ಒಣಗಿ ಬಿರುಕು ಬಿಟ್ಟ ಪಾಲೈ ಎಂಬ ನೆಲ ಅಗಲಿ ಹೋಗುವ ದಾರಿಗೆ. ಆ ಪದ್ಯಗಳಲ್ಲಿ ಕವಿ ತನ್ನ ದನಿಯಲ್ಲಿ ಮಾತಾಡುವುದಿಲ್ಲ. ನಾಯಕ ಮಾತಾಡುತ್ತಾನೆ, ನಾಯಕಿ ಮಾತಾಡುತ್ತಾಳೆ, ಬಹಳ ಸಲ ಅವಳ ಗೆಳತಿ ಮಾತಾಡುತ್ತಾಳೆ. ಮೈಸೂರಿನಲ್ಲಿ ಹುಟ್ಟಿದ ಎ.ಕೆ. ರಾಮಾನುಜನ್ ಈ ಪದ್ಯಗಳನ್ನು ಇಂಗ್ಲಿಷಿಗೆ ತಂದು ಲೋಕಕ್ಕೆಲ್ಲ ಕೇಳಿಸಿದರು.

ಆ ಗೆಳತಿಯನ್ನು ನಾವು ಸಖಿ ಎನ್ನುತ್ತೇವೆ. ನಿಮಗೆ ಸಮಯವಿದ್ದರೆ ಒಂದು ಸಂಜೆ ಭರತನಾಟ್ಯ ನೋಡಲು ಹೋಗಿ. ವರ್ಣ ಅಥವಾ ಪದ ಎಂಬ ನೃತ್ಯಭಾಗ ಬಂದಾಗ ನರ್ತಕಿ ರಂಗದ ಮೇಲೆ ಒಬ್ಬಳೇ ಇರುತ್ತಾಳೆ. ಆದರೆ ಅವಳ ಕಣ್ಣು ಪಕ್ಕದಲ್ಲಿರುವ ಯಾರನ್ನೋ ನೋಡುತ್ತಿರುತ್ತದೆ. ಅದು ಸಖಿ. ಅವಳು ನಮಗೆ ಕಾಣುವುದಿಲ್ಲ. ‘ಅವನನ್ನು ಹೋಗಿ ಕರೆದುಕೊಂಡು ಬಾರೇ’ ಎಂದು ನಾಯಕಿ ಅವಳ ಕೈ ಹಿಡಿಯುತ್ತಾಳೆ, ಅವಳ ಮೇಲೆ ಸಿಡುಕುತ್ತಾಳೆ, ಅವಳ ಮುಂದೆ ಅಳುತ್ತಾಳೆ. 17ನೇ ಶತಮಾನದ ಕ್ಷೇತ್ರಯ್ಯನ ತೆಲುಗು ಪದಗಳು ಈ ಮಾತುಕತೆಗೆ ಹೆಸರಾದವು. ಅವುಗಳ ನಡೆ ಬಹಳ ನಿಧಾನ. ಒಂದೇ ಸಾಲನ್ನು ಹತ್ತು ಸಲ ಹಾಡುತ್ತಾರೆ, ಹತ್ತು ಸಲವೂ ಮುಖದ ಭಾವ ಬೇರೆ. ನಮ್ಮ ಮೈಸೂರಿನ ಆಸ್ಥಾನ ನರ್ತಕಿ ಕೆ. ವೆಂಕಟಲಕ್ಷಮ್ಮ ಇಂಥ ಅಭಿನಯಕ್ಕೇ ಹೆಸರಾಗಿದ್ದರು. ಅವರಿಗೆ 1992ರಲ್ಲಿ ಪದ್ಮಭೂಷಣ ಬಂತು. ಸಖಿ ಎದುರಿಗೆ ಇಲ್ಲದಿದ್ದರೆ ನಾಯಕಿ ಅಷ್ಟು ಹೊತ್ತು, ಅಷ್ಟು ಬಗೆಯಲ್ಲಿ ಹೇಳಲು ಆಗುತ್ತಿರಲಿಲ್ಲ.

ಉತ್ತರದ ಕಡೆ ಹೋದರೂ ಇದೇ ಕಾಣುತ್ತದೆ. ಜಾಯಸಿ ಎಂಬ ಕವಿಯ ‘ಪದ್ಮಾವತ್’ ಕಾವ್ಯದಲ್ಲಿ ರಾಣಿ ನಾಗಮತಿ ಹನ್ನೆರಡು ತಿಂಗಳ ಗೋಳನ್ನು ಒಂದೊಂದೇ ತಿಂಗಳಾಗಿ ಹೇಳುತ್ತಾಳೆ. ಅದೂ ಆಷಾಢದಿಂದಲೇ ಶುರು. ಅವಳ ಸುದ್ದಿ ಒಯ್ಯುವುದು ಒಂದು ಹಕ್ಕಿ. ಉರ್ದು ಗಜಲ್‌ಗಳಲ್ಲಿ ಓಲೆಕಾರ ಒಬ್ಬ ಖಾಯಂ ಪಾತ್ರ. ಬಿಹಾರದ ಭಿಖಾರಿ ಠಾಕೂರ್ 1887ರಿಂದ 1971ರವರೆಗೆ ಬದುಕಿದ್ದ ಜನಪದ ನಾಟಕಕಾರ. ಅವರ ‘ಬಿದೇಸಿಯಾ’ದಲ್ಲಿ ಗಂಡ ದುಡಿಯಲು ಕಲ್ಕತ್ತೆಗೆ ಹೋಗುತ್ತಾನೆ. ಹೆಂಡತಿ ದಾರಿಹೋಕನೊಬ್ಬನ ಕೈಯಲ್ಲಿ ಸುದ್ದಿ ಕಳಿಸುತ್ತಾಳೆ. ಕೂಲಿಗಾಗಿ ಊರು ಬಿಟ್ಟವರ ಮನೆಯ ವಿರಹ ಇದು. ನಮ್ಮ ಬೆಂಗಳೂರಿನ ಎತ್ತರದ ಕಟ್ಟಡಗಳನ್ನು ಕಟ್ಟುತ್ತಿರುವವರಲ್ಲಿ ಬಹಳ ಜನ ಅದೇ ಸೀಮೆಯಿಂದ ಬಂದವರು. ಅವರ ಮನೆಗಳಲ್ಲೂ ಈ ಹೊತ್ತು ಯಾರೋ ನಿಮ್ಮ ಹಾಗೆಯೇ ಕಾಯುತ್ತಿರುತ್ತಾರೆ.

ಈಗ ಹೆಣ್ಣೇ ಯಾಕೆ ಕಾಯಬೇಕು ಎಂಬ ಪ್ರಶ್ನೆ. ನೀವು ಕೇಳಿದ್ದು ಸರಿ. ಗಂಡಸು ಯುದ್ಧಕ್ಕೆ, ವ್ಯಾಪಾರಕ್ಕೆ, ಸಂಬಳಕ್ಕೆ ಹೊರಟ. ಹೆಂಗಸನ್ನು ಮನೆಗೆ ಬಿಟ್ಟ. ಹಾಡು ಆ ಬದುಕಿನಿಂದ ಬಂತು. ಶಾಸ್ತ್ರಕಾರರು ಅದಕ್ಕೆ ಹೆಸರಿಟ್ಟರು. ಅಷ್ಟನಾಯಿಕೆ ಎಂದು ಎಂಟು ಬಗೆ ಮಾಡಿದರು. ಗಂಡ ಪರದೇಶಕ್ಕೆ ಹೋದವಳು, ಬರುವನೆಂದು ಸಿಂಗರಿಸಿಕೊಂಡು ಕೂತವಳು, ಬಾರದೆ ಮೋಸ ಹೋದವಳು, ಹೀಗೆ. ಎಂಟರಲ್ಲಿ ಬಹುತೇಕ ಹೆಸರುಗಳು ಅವನು ಎಲ್ಲಿದ್ದಾನೆ, ಏನು ಮಾಡಿದ ಎಂಬುದರ ಮೇಲೆಯೇ ನಿಂತಿವೆ. ನಾಯಕನನ್ನು ವಿಂಗಡಿಸುವಾಗ ಧೀರೋದಾತ್ತ, ಧೀರಲಲಿತ ಎಂದು ಅವನ ಸ್ವಭಾವ ನೋಡಿದರು. ಈ ಭೇದ ನನಗೆ ಯಾವತ್ತೂ ಒಪ್ಪಿಗೆಯಾಗಿಲ್ಲ. ತರಗತಿಯಲ್ಲೂ ಹಾಗೆಯೇ ಹೇಳುತ್ತಿದ್ದೆ.

ಆದರೆ ಕವಿಗಳು ಶಾಸ್ತ್ರದ ಮಾತು ಪೂರ್ತಿ ಕೇಳಲಿಲ್ಲ. ‘ಮೇಘದೂತ’ದಲ್ಲಿ ಬಾಯಿಬಿಟ್ಟು ಹಲುಬುವವನು ಗಂಡಸು. ಅವನು ಎಷ್ಟು ಸೊರಗಿದ್ದಾನೆಂದರೆ ಕೈಯ ಚಿನ್ನದ ಬಳೆ ಜಾರಿ ಬಿದ್ದುಹೋಗಿದೆ. ರಾಮಾಯಣದಲ್ಲಿ ಸೀತೆಯನ್ನು ಕಳೆದುಕೊಂಡ ರಾಮ ಮಳೆಗಾಲ ಪೂರ್ತಿ ಕಿಷ್ಕಿಂಧೆಯ ಹತ್ತಿರದ ಬೆಟ್ಟದಲ್ಲಿ ಕೂತು ಮಳೆ ನೋಡುತ್ತಾನೆ. ನೋಡಿದ್ದನ್ನೆಲ್ಲ ಲಕ್ಷ್ಮಣನಿಗೆ ಹೇಳುತ್ತಾನೆ. ಅಲ್ಲಿಯೂ ಮೂರನೆಯವರು ಇದ್ದಾರೆ ನೋಡಿ. ಅವನು ಮಳೆಗಾಲ ಕಳೆದದ್ದು ಹಂಪಿಯ ಮಾಲ್ಯವಂತ ಬೆಟ್ಟದಲ್ಲಿ ಎಂದು ನಮ್ಮ ಜನ ನಂಬುತ್ತಾರೆ. ಮುಂದಿನ ಸಲ ಹಂಪಿಗೆ ಹೋದರೆ ಆ ಬೆಟ್ಟ ಹತ್ತಿ, ಒಂದು ಸಂಜೆ ಸುಮ್ನೆ ಅಲ್ಲಿ ಕೂತು ಬನ್ನಿ. ಜಯದೇವನ ‘ಗೀತಗೋವಿಂದ’ದಲ್ಲಿ ರಾಧೆಯಷ್ಟೇ ಕೃಷ್ಣನೂ ಬೇಯುತ್ತಾನೆ. ಇಬ್ಬರ ನಡುವೆ ಸಖಿ ಓಡಾಡುತ್ತಾಳೆ.

ಇನ್ನು ಹೆಣ್ಣುಮಕ್ಕಳೇ ಹಾಡಿದಾಗ ಕಾಯುವ ರೀತಿಯೇ ಬೇರೆ. ತಮಿಳಿನ ಭಕ್ತ ಕವಯಿತ್ರಿ ಆಂಡಾಳ್ ಮೋಡಗಳನ್ನು ಕೂಗಿ ಕರೆದು, ನನ್ನ ಗತಿ ವಿಷ್ಣುವಿಗೆ ಹೇಳಿ ಎಂದಳು. 12ನೇ ಶತಮಾನದ ನಮ್ಮ ಅಕ್ಕಮಹಾದೇವಿ ಗಿಳಿಯನ್ನು, ಕೋಗಿಲೆಯನ್ನು, ತುಂಬಿಯನ್ನು, ಹಂಸೆಯನ್ನು, ನವಿಲನ್ನು ಒಂದೊಂದಾಗಿ ನಿಲ್ಲಿಸಿ, ಚೆನ್ನಮಲ್ಲಿಕಾರ್ಜುನನನ್ನು ಕಂಡಿರಾ ಎಂದು ಕೇಳಿದಳು. ಅವಳು ಹೊಸ್ತಿಲಲ್ಲಿ ಕೂತು ಹೂ ಎಣಿಸಲಿಲ್ಲ. ಕೇಳುತ್ತಾ ಶ್ರೀಶೈಲದ ಕಡೆ ನಡೆದೇ ಹೋದಳು. ವಿರಹವನ್ನೇ ದಾರಿ ಮಾಡಿಕೊಂಡವಳು ಅವಳು.

ಹಳ್ಳಿಯ ಹೆಂಗಸರಿಗೆ ಅಷ್ಟು ದೂರ ನಡೆಯುವ ಬಿಡುವು ಎಲ್ಲಿತ್ತು? ಅವರು ಬೆಳಗಿನ ಜಾವ ಎದ್ದು ರಾಗಿ ಬೀಸಿದರು. ಬೀಸುತ್ತಾ ಮೂರು ಸಾಲಿನ ತ್ರಿಪದಿ ಹಾಡಿದರು. ತವರು, ಅಣ್ಣ, ಗಂಡ, ಬಾರದ ಸುದ್ದಿ, ಎಲ್ಲವನ್ನೂ ಆ ಮೂರು ಸಾಲಿಗೆ ತುಂಬಿದರು. ‘ರಾಗಿಕಲ್ಲೇ’ ಎಂದು ಕಲ್ಲನ್ನೇ ಕರೆದು ಮಾತಾಡಿಸಿದರು. ನನ್ನ ಅಜ್ಜಿಗೆ ಬರೆಯಲು ಬರುತ್ತಿರಲಿಲ್ಲ. ತಾತ ಮುಂಬಯಿಯಲ್ಲಿ ಕೆಲಸದಲ್ಲಿದ್ದಾಗ ಪಕ್ಕದ ಮನೆಯ ಹುಡುಗನನ್ನು ಕೂರಿಸಿಕೊಂಡು ಕಾಗದ ಬರೆಸುತ್ತಿದ್ದಳಂತೆ. ಹುಡುಗನ ಮುಂದೆ ‘ನಿಮ್ಮ ನೆನಪಾಗುತ್ತದೆ’ ಎನ್ನಲು ನಾಚಿಕೆ. ಅದಕ್ಕೆ ‘ಈ ಸಲ ಹಿತ್ತಲ ಮಲ್ಲಿಗೆ ಜಾಸ್ತಿ ಬಿಟ್ಟಿದೆ, ಕೀಳುವವರಿಲ್ಲ’ ಎಂದು ಬರೆಸುತ್ತಿದ್ದಳು. ತಾತನಿಗೆ ಅರ್ಥವಾಗುತ್ತಿತ್ತು. ಅಜ್ಜಿ ಇದನ್ನು ನನಗೆ ಹೇಳುವಾಗ ಅವಳಿಗೆ ಎಂಬತ್ತು ದಾಟಿತ್ತು. ಆಗಲೂ ಮುಖ ಕೆಂಪಾಯಿತು.

ನಿಮ್ಮ ಹಾಡಿಗೆ ಬರೋಣ. ‘ಮತ್ತದೇ ಬೇಸರ’ ಬರೆದವರು ಕೆ.ಎಸ್. ನಿಸಾರ್ ಅಹಮದ್. 1936ರಲ್ಲಿ ದೇವನಹಳ್ಳಿಯಲ್ಲಿ ಹುಟ್ಟಿದವರು, ಭೂವಿಜ್ಞಾನ ಪಾಠ ಮಾಡಿದವರು, 2020ರಲ್ಲಿ ಬೆಂಗಳೂರಿನಲ್ಲೇ ತೀರಿಕೊಂಡರು. ಈ ಹಾಡಿನಲ್ಲಿ ಒಂದು ದೊಡ್ಡ ಬದಲಾವಣೆ ಇದೆ. ಇಲ್ಲಿ ಸಖಿ ಇಲ್ಲ, ಹಕ್ಕಿಯ ಕೈಯಲ್ಲಿ ಸುದ್ದಿ ಇಲ್ಲ. ಬೇಸರದಲ್ಲಿರುವವನು ‘ನಿನ್ನ’ ಎಂದು ನೇರವಾಗಿ ಪ್ರೀತಿಸಿದವಳನ್ನೇ ಕರೆಯುತ್ತಾನೆ. ಅವಳು ಅಲ್ಲಿಲ್ಲ. ಅವನ ಸುತ್ತ ಇರುವುದು ಸಂಜೆ ಮತ್ತು ಏಕಾಂತ. ಇದು ಒಬ್ಬಂಟಿಯ ವಿರಹ. ಹೊಸ ಕಾಲದ ಭಾವಗೀತೆಗಳಲ್ಲಿ ಇಂಥವು ಬಹಳ ಇವೆ. ಮೂರನೆಯವರ ಜಾಗ ಅಲ್ಲಿ ಖಾಲಿ. ಆ ಖಾಲಿ ಜಾಗದಲ್ಲಿ ಹೋಗಿ ಕೂರುವುದು ಕೇಳುಗರು. ಸಿಲ್ಕ್ ಬೋರ್ಡ್‌ನಲ್ಲಿ ಕಾರು ನಿಂತಾಗ ನೀವು ಆ ಹಾಡಿಗೆ ಸಖಿಯಾಗುತ್ತೀರಿ. ಅವನ ಬೇಸರ ಕೇಳುತ್ತಾ ಕೇಳುತ್ತಾ ನಿಮ್ಮದೂ ಹರಿಯುತ್ತದೆ.

ನಮ್ಮ ಕಾವ್ಯದಲ್ಲಿ ಇಷ್ಟೊಂದು ವಿರಹ ಯಾಕೆ ಎಂಬುದಕ್ಕೂ ಇದರಲ್ಲೇ ಉತ್ತರ ಇದೆ. ಜೊತೆಗಿದ್ದಾಗ ಇಬ್ಬರಿಗೆ ಇಬ್ಬರು ಸಾಕು. ಹೊರಗಿನದು ಯಾವುದೂ ಬೇಕಾಗುವುದಿಲ್ಲ. ಅಗಲಿದಾಗ ಮೋಡ, ಹಕ್ಕಿ, ದಾರಿ, ಹೊಸ್ತಿಲು ಎಲ್ಲವೂ ಬೇಕಾಗುತ್ತವೆ. ಹಾಗಾಗಿ ಅಗಲಿಕೆಯ ಪದ್ಯದಲ್ಲಿ ಇಡೀ ಲೋಕವೇ ಒಳಗೆ ಬರುತ್ತದೆ. ಸಂಸ್ಕೃತದ ಕಾವ್ಯಶಾಸ್ತ್ರಕಾರರು ಶೃಂಗಾರವನ್ನು, ಅಂದರೆ ಪ್ರೀತಿಯ ರಸವನ್ನು, ಸೇರಿದ್ದರೆ ಸಂಭೋಗ, ಅಗಲಿದ್ದರೆ ವಿಪ್ರಲಂಭ ಎಂದು ಎರಡು ಭಾಗ ಮಾಡಿ, ಅಗಲಿಕೆಯನ್ನೂ ಪ್ರೀತಿಯ ಒಳಗೇ ಇಟ್ಟರು. ಶೋಕವನ್ನು ಬೇರೆ ರಸ ಮಾಡಿ, ಕರುಣ ಎಂದು ಕರೆದರು. ಎರಡಕ್ಕೂ ನಡುವಿನ ಗೆರೆ ಒಂದೇ. ಮತ್ತೆ ಸೇರುವ ಆಸೆ ಇದ್ದರೆ ಅದು ಶೃಂಗಾರ. ನಿಮ್ಮದು ನಾಲ್ಕು ತಿಂಗಳು ಬಾಕಿ ಇರುವ ಶೃಂಗಾರ.

ರಾತ್ರಿಯ ಕಾಲ್ ಬಗ್ಗೆ ಒಂದು ಸಲಹೆ ಕೊಡಲೇ? ಊಟ ಆಯ್ತಾ ಎಂಬುದರ ಜೊತೆಗೆ ದಿನಕ್ಕೊಂದು ದಾರಿಯ ಮಾತು ಹೇಳಿ. ಲಾಲ್‌ಬಾಗಿನ ಬಂಡೆಯ ಮೇಲೆ ಸಂಜೆ ಬೆಳಕು ಹೇಗಿತ್ತು, ನಿಮ್ಮ ರಸ್ತೆಯ ಹೊಂಗೆ ಚಿಗುರಿತೇ, ಮಳೆ ಯಾವ ಕಡೆಯಿಂದ ಬಂತು. ಅವರೂ ಅಲ್ಲಿನದನ್ನು ಹೇಳಲಿ. ಯಕ್ಷ ಮಾಡಿದ್ದು ಅದನ್ನೇ, ನನ್ನ ಅಜ್ಜಿ ಮಾಡಿದ್ದೂ ಅದನ್ನೇ.

ಪುಸ್ತಕ ಕೇಳಿದ್ದಿರಿ. ಬೇಂದ್ರೆಯವರ ‘ಕನ್ನಡ ಮೇಘದೂತ’ ಓದಿ. ಮನಸ್ಸಿನಲ್ಲೇ ಓದಬೇಡಿ, ಬಾಯಿಬಿಟ್ಟು ಓದಿ. ಸಂಸ್ಕೃತ ಬರದಿದ್ದರೂ ಮೂಲದ ನಾಲ್ಕಾರು ಪದ್ಯಗಳನ್ನು ಯಾರಾದರೂ ಓದುವುದನ್ನು ಕೇಳಿಸಿಕೊಳ್ಳಿ. ಅದರ ಛಂದಸ್ಸಿನ ಹೆಸರು ಮಂದಾಕ್ರಾಂತ. ಸಾಲಿಗೆ 17 ಅಕ್ಷರ. ಮೊದಲ ನಾಲ್ಕು ಗುರು, ಭಾರವಾಗಿ ಎತ್ತಿಡುವ ಹೆಜ್ಜೆಗಳ ಹಾಗೆ. ಆಮೇಲೆ ಐದು ಲಘು, ಒಮ್ಮೆಲೇ ಓಡಿಬಿಡುತ್ತವೆ. ಮತ್ತೆ ನಿಧಾನವಾಗುತ್ತದೆ. ಕಾಯುವವರ ಎದೆಬಡಿತ ಹಾಗೆಯೇ ಇರುತ್ತದೆ, ಅಲ್ವಾ?

ಇನ್ನೊಂದು ಮಾತು. ಅತ್ತೆಯ ಮುಂದೆ ಅಳಲು ನಾಚಿಕೆ ಎಂದು ಬರೆದಿದ್ದೀರಿ. ಅವರ ಮಗನೂ ಹೋಗಿ ಎಂಟು ತಿಂಗಳಾಗಿದೆ. ಆ ಪುಸ್ತಕವನ್ನು ಒಂದು ಸಂಜೆ ನಡುಮನೆಯಲ್ಲಿ ಕೂತು, ಅವರಿಗೂ ಕೇಳಿಸುವಷ್ಟು ಗಟ್ಟಿಯಾಗಿ ಓದಿ.